ಹೊಸ ಫೋನಿನಲ್ಲಿ ಆ್ಯಪ್ ಇಳಿಯದ ಒಂದು ಭಾನುವಾರ

12 ಜನವರಿ 2025, ಭಾನುವಾರ, ರಾತ್ರಿ 10.40

ಇಂದು ಬೆಳಗ್ಗೆ ಏಳು ಗಂಟೆಗೆ ಹಿಡಿದ ಕೆಲಸ ಸಂಜೆ ಆರರ ನಂತರ ಮುಗಿಯಿತು. ಕೆಲಸವೆಂದರೆ ಇಷ್ಟೇ: ಹೊಸ ಫೋನಿನಲ್ಲಿ ಬ್ಯಾಂಕಿನ ಆ್ಯಪ್ ಇಳಿಸಿಕೊಳ್ಳುವುದು. ನಡುವೆ ನಾನು ಮಾಡಿದ ಪ್ರಯತ್ನಗಳಲ್ಲಿ ಅರ್ಧಕ್ಕಿಂತ ಹೆಚ್ಚಿನವು ದಂಡವಾದವು. ಅವು ದಂಡವಾದದ್ದೇಕೆಂದು ಈಗ ನಿಧಾನವಾಗಿ ಯೋಚಿಸಿದರೆ ತಿಳಿಯುತ್ತದೆ. ಆ್ಯಪ್ ಇಳಿಯುತ್ತಿಲ್ಲ ಎಂಬ ಒಂದೇ ದೂರನ್ನು ಹಿಡಿದುಕೊಂಡು ನಾನು ಮದ್ದು ಹುಡುಕಿದೆ. ಆದರೆ ಅಲ್ಲಿದ್ದದ್ದು ಒಂದರ ಹಿಂದೆ ಒಂದು ಅಡಗಿ ಕುಳಿತಿದ್ದ ಮೂರು ಬೇರೆ ಬೇರೆ ತೊಡಕುಗಳು, ಮತ್ತು ಒಂದರ ಮದ್ದು ಇನ್ನೊಂದಕ್ಕೆ ನಾಟುವಂಥದ್ದಾಗಿರಲಿಲ್ಲ.

ಹಿನ್ನೆಲೆಯನ್ನು ಮೊದಲು ಬರೆದಿಡುತ್ತೇನೆ. ಫೋನನ್ನು ಪೆಟ್ಟಿಗೆಯಿಂದ ತೆಗೆದದ್ದು ನಿನ್ನೆ ರಾತ್ರಿ. ಮನೆಯ ಇಂಟರ್ನೆಟ್ ಸಂಪರ್ಕ ಕಡಿದಿತ್ತು, ಸಿಮ್ ಇನ್ನೂ ಹಳೆಯ ಫೋನಿನಲ್ಲೇ ಇತ್ತು. ಬೆಳಗಿನವರೆಗೆ ಕಾಯುವ ತಾಳ್ಮೆಯಿಲ್ಲದೆ ಸಂಪರ್ಕವಿಲ್ಲದೆಯೇ ಮುಂದುವರಿಯುವ ಆಯ್ಕೆಯನ್ನು ಒತ್ತಿದೆ. ಗಡಿಯಾರ ತಪ್ಪಾಗಿರುವುದು ಕಣ್ಣಿಗೆ ಬಿದ್ದಾಗ ಸೆಟ್ಟಿಂಗ್ಸ್‌ಗೆ ಹೋಗಿ, ಸಮಯವನ್ನು ತಾನಾಗಿ ಹೊಂದಿಸಿಕೊಳ್ಳುವ ಸೌಲಭ್ಯವನ್ನು ನಿಲ್ಲಿಸಿ, ಗಂಟೆ ನಿಮಿಷಗಳನ್ನೂ ದಿನ ತಿಂಗಳುಗಳನ್ನೂ ಕೈಯಿಂದಲೇ ಸರಿಪಡಿಸಿದೆ. ಬಹಳ ಅಚ್ಚುಕಟ್ಟಾಗಿ ಮಾಡಿದೆನೆಂಬ ತೃಪ್ತಿಯಲ್ಲಿ ಮಲಗಿದೆ.

ಬೆಳಗ್ಗೆ ಎದ್ದಾಗಲೂ ಮನೆಯ ಸಂಪರ್ಕ ಬಂದಿರಲಿಲ್ಲವಾದ್ದರಿಂದ ಹಳೆಯ ಫೋನಿನ ಹಾಟ್‌ಸ್ಪಾಟ್‌ಗೆ ಹೊಸ ಫೋನನ್ನು ಸೇರಿಸಿದೆ. ವೈ-ಫೈ ಚಿಹ್ನೆ ತುಂಬಿಕೊಂಡು ನಿಂತಿತು. ಪ್ಲೇ ಸ್ಟೋರ್ ತೆರೆದು ನನ್ನ ಖಾತೆಯನ್ನು ಸೇರಿಸಹೊರಟರೆ ಸೈನ್ ಇನ್ ಆಗಲಿಲ್ಲ. ಸ್ವಲ್ಪ ಹೊತ್ತು ಸುತ್ತಿ ಮತ್ತೆ ಪ್ರಯತ್ನಿಸಿ ಎಂದಿತು. ಮತ್ತೆ ಪ್ರಯತ್ನಿಸಿದೆ. ಪಾಸ್‌ವರ್ಡ್ ತಪ್ಪಿರಬಹುದೆಂದು ಅದನ್ನು ಬದಲಿಸಿದೆ. ಅಕ್ಕನ ಮಗಳಿಗೆ ಕರೆ ಮಾಡಿದಾಗ ಅವಳು ಎಲ್ಲರೂ ಹೇಳುವ ಮಂತ್ರವನ್ನೇ ಹೇಳಿದಳು: "ಮಾವ, ರೀಸ್ಟಾರ್ಟ್ ಮಾಡಿ ನೋಡಿದ್ರಾ? ಪ್ಲೇ ಸ್ಟೋರ್ ಕ್ಯಾಶ್ ಕ್ಲಿಯರ್ ಮಾಡಿದ್ರಾ?" ಎರಡನ್ನೂ ಮಾಡಿದೆ. ಅಲ್ಲಿಗೂ ನಿಲ್ಲದೆ ಪ್ಲೇ ಸ್ಟೋರ್‌ನ ಅಪ್‌ಡೇಟ್‌ಗಳನ್ನೇ ತೆಗೆದುಹಾಕಿ ಅದನ್ನು ಕಾರ್ಖಾನೆಯಿಂದ ಬಂದ ಸ್ಥಿತಿಗೆ ತಂದೆ. ಕ್ಯಾಶ್ ಎಂಬುದು ಆ್ಯಪ್ ತನ್ನ ಅನುಕೂಲಕ್ಕೆ ಕೂಡಿಟ್ಟುಕೊಂಡ ತಾತ್ಕಾಲಿಕ ಕಡತಗಳ ರಾಶಿ. ಅದು ಹಾಳಾಗಿದ್ದರೆ ಅಳಿಸುವುದರಿಂದ ಗುಣ ಕಾಣಬಹುದು. ಪೆಟ್ಟಿಗೆಯಿಂದ ಹೊರಬಂದು ಹನ್ನೆರಡು ಗಂಟೆಯೂ ಆಗದ, ಒಂದು ಆ್ಯಪನ್ನೂ ಇಳಿಸದ ಫೋನಿನಲ್ಲಿ ಹಾಳಾಗಲು ಅಂಥ ರಾಶಿಯಾದರೂ ಎಲ್ಲಿತ್ತು ಎಂಬ ಪ್ರಶ್ನೆ ಆಗ ನನಗೆ ಹೊಳೆಯಲಿಲ್ಲ.

ಸುಳಿವು ಸಿಕ್ಕಿದ್ದು ಹನ್ನೊಂದರ ಸುಮಾರಿಗೆ. ಹೊಸ ಫೋನಿನ ಮುಖಪುಟದ ಚಿತ್ರವನ್ನು ಹಳೆಯ ಫೋನಿನಿಂದ ತೆಗೆದು ಅಕ್ಕನ ಮಗಳಿಗೆ ಕಳಿಸಿದ್ದೆ. ಅವಳು ತಕ್ಷಣ ಕೇಳಿದಳು: "ಮಾವ, ನಿಮ್ಮ ಫೋನಲ್ಲಿ ಇವತ್ತು ಶುಕ್ರವಾರ ಯಾಕಿದೆ?" ತಾರೀಖು ಜನವರಿ 12 ಎಂದೇ ಇತ್ತು, ವಾರ ಮಾತ್ರ ಶುಕ್ರವಾರ. ದಿನವನ್ನೂ ತಿಂಗಳನ್ನೂ ಅಷ್ಟು ಜತನದಿಂದ ತಿದ್ದಿದ ನಾನು ವರ್ಷದ ಕಡೆ ಕಣ್ಣೆತ್ತಿಯೂ ನೋಡಿರಲಿಲ್ಲ. ಫೋನು ತಾನಾಗಿ ತೋರಿಸಿದ್ದ 2024 ಹಾಗೆಯೇ ಉಳಿದಿತ್ತು. 2024ರ ಜನವರಿ 12 ಶುಕ್ರವಾರವೇ ಹೌದು. ಫೋನಿನ ಪಂಚಾಂಗದಲ್ಲಿ ತಪ್ಪಿರಲಿಲ್ಲ, ತಪ್ಪಿದ್ದದ್ದು ನನ್ನ ಬೆರಳಿನಲ್ಲಿ.

ಗಡಿಯಾರ ಒಂದು ವರ್ಷ ಹಿಂದಿದ್ದರೆ ಆ್ಯಪ್ ಇಳಿಯದಿರಲು ಕಾರಣವೇನೆಂದು ಸಾಮಾನ್ಯವಾಗಿ ಯಾರೂ ಬಿಡಿಸಿ ಹೇಳುವುದಿಲ್ಲವಾದ್ದರಿಂದ ನನಗಾಗಿಯೇ ಇಲ್ಲಿ ಬರೆದುಕೊಳ್ಳುತ್ತೇನೆ. ಫೋನು ಯಾವುದಾದರೂ ಸರ್ವರ್ ಜೊತೆ ಸುರಕ್ಷಿತವಾಗಿ ಮಾತನಾಡುವ ಮೊದಲು ಆ ಸರ್ವರ್ ತನ್ನ ಗುರುತಿನ ಪ್ರಮಾಣಪತ್ರವನ್ನು ತೋರಿಸಬೇಕು. ಪ್ರತಿ ಪ್ರಮಾಣಪತ್ರದಲ್ಲೂ ಅದು ಯಾವ ದಿನದಿಂದ ಯಾವ ದಿನದವರೆಗೆ ಸಿಂಧು ಎಂಬುದು ನಮೂದಾಗಿರುತ್ತದೆ, ಮತ್ತು ಫೋನು ಅದನ್ನು ತನ್ನ ಗಡಿಯಾರದೊಂದಿಗೆ ಹೋಲಿಸಿ ನೋಡುತ್ತದೆ. ಈ ಅವಧಿ ಈಗ ತೀರ ಚಿಕ್ಕದು: 2020ರ ಸೆಪ್ಟೆಂಬರ್‌ನಿಂದ ಈಚೆಗೆ ಕೊಟ್ಟ ಪ್ರಮಾಣಪತ್ರಗಳಿಗೆ ಹೆಚ್ಚೆಂದರೆ 398 ದಿನಗಳ ಆಯಸ್ಸು, ಎಷ್ಟೋ ಪ್ರಮಾಣಪತ್ರಗಳಿಗೆ 90 ದಿನ ಮಾತ್ರ. ಹೀಗಿರುವಾಗ 2024ರ ಜನವರಿಯಲ್ಲಿ ಬದುಕುತ್ತಿರುವ ಫೋನಿಗೆ ಇಂದು ತೋರಿಸಲಾಗುವ ಬಹುತೇಕ ಪ್ರಮಾಣಪತ್ರಗಳು ಇನ್ನೂ ಹುಟ್ಟಿಯೇ ಇಲ್ಲ; ಹುಟ್ಟದವರ ಮಾತನ್ನು ಅದು ನಂಬುವುದಾದರೂ ಹೇಗೆ? ಬ್ರೌಸರ್ ತೆರೆದಿದ್ದರೆ ಗಡಿಯಾರ ಹಿಂದಿದೆ ಎಂಬ ಎಚ್ಚರಿಕೆ ನೇರವಾಗಿಯೇ ಕಾಣುತ್ತಿತ್ತು. ನಾಲ್ಕು ಗಂಟೆಗಳ ಕಾಲ ನಾನು ಅದೊಂದನ್ನು ಬಿಟ್ಟು ಉಳಿದೆಲ್ಲವನ್ನೂ ತೆರೆದು ನೋಡಿದ್ದೆ. ಸಮಯ ಹೊಂದಿಸುವ ಕೆಲಸವನ್ನು ಫೋನಿಗೇ ಮರಳಿ ಒಪ್ಪಿಸಿದ ಮರುನಿಮಿಷ ಸೈನ್ ಇನ್ ಆಯಿತು.

ಇಲ್ಲಿಗೆ ಮುಗಿಯಿತೆಂದುಕೊಂಡೆ. ಬ್ಯಾಂಕಿನ ಆ್ಯಪ್ ಹುಡುಕಿ ಇನ್‌ಸ್ಟಾಲ್ ಗುಂಡಿ ಒತ್ತಿದರೆ ಈಗ ಬಂದ ಉತ್ತರವೇ ಬೇರೆ: ಬಾಕಿ ಇದೆ. ಐದು ನಿಮಿಷ ಕಳೆದರೂ ಬಾಕಿ, ಅರ್ಧ ಗಂಟೆಯಾದರೂ ಬಾಕಿ. ಬಾಕಿ ಎಂದರೆ ಸಂಪರ್ಕ ಸೋತಿತೆಂದಲ್ಲ, ಸರದಿಯಲ್ಲಿ ನಿಲ್ಲಿಸಲಾಗಿದೆ ಎಂದು ಅರ್ಥ. ಆದ್ದರಿಂದ ಕೇಳಬೇಕಾದ ಪ್ರಶ್ನೆ ಮುಂದೆ ಯಾರು ನಿಂತಿದ್ದಾರೆ, ಬಾಗಿಲು ಯಾಕೆ ಮುಚ್ಚಿದೆ ಎಂಬುದು. ಯಾರು ನಿಂತಿದ್ದಾರೆಂಬುದು ಬೇಗ ತಿಳಿಯಿತು. ಸೈನ್ ಇನ್ ಆದ ಸಂಭ್ರಮದಲ್ಲಿ ಹಳೆಯ ಫೋನಿನ ಬ್ಯಾಕಪ್‌ನಿಂದ ಎಲ್ಲ ಆ್ಯಪ್‌ಗಳನ್ನೂ ಮರಳಿ ತರಿಸಲು ಒಪ್ಪಿಗೆ ಕೊಟ್ಟುಬಿಟ್ಟಿದ್ದೆ. ಪ್ರೊಫೈಲ್ ಚಿತ್ರವನ್ನು ಒತ್ತಿ, ಆ್ಯಪ್‌ಗಳನ್ನು ನಿರ್ವಹಿಸುವ ಪುಟಕ್ಕೆ ಹೋದರೆ 71 ಆ್ಯಪ್‌ಗಳ ಪಟ್ಟಿ, ಅದರ ಮೇಲೆ ಫೋನಿನ ಜೊತೆಗೇ ಬಂದ ಆ್ಯಪ್‌ಗಳ ಅಪ್‌ಡೇಟ್‌ಗಳು. ವರ್ಷಗಳಿಂದ ತೆರೆದೇ ಇರದ ಆ್ಯಪ್‌ಗಳು ನನ್ನ ಬ್ಯಾಂಕಿನ ಮುಂದೆ ಸಾಲುಗಟ್ಟಿ ನಿಂತಿದ್ದವು. ಎಲ್ಲವನ್ನೂ ರದ್ದು ಮಾಡಿ ಬೇಕಾದ ಒಂದನ್ನೇ ಉಳಿಸಿದೆ.

ಆದರೂ ಬಾಕಿ. ಬಾಗಿಲು ಮುಚ್ಚಿದ್ದರ ಕಾರಣ ಇಡೀ ದಿನದಲ್ಲಿ ನನಗೆ ಅತ್ಯಂತ ಸ್ವಾರಸ್ಯಕರವಾಗಿ ಕಂಡ ಸಂಗತಿ. ಪ್ಲೇ ಸ್ಟೋರ್‌ನ ಸೆಟ್ಟಿಂಗ್ಸ್‌ನಲ್ಲಿ ಡೌನ್‌ಲೋಡ್ ವೈ-ಫೈ ಮೂಲಕ ಮಾತ್ರ ನಡೆಯಲಿ ಎಂಬ ಆಯ್ಕೆಯನ್ನು ನಾನೇ ಗುರುತಿಸಿದ್ದೆ. ನಾನಿದ್ದದ್ದು ವೈ-ಫೈಯಲ್ಲೇ, ಚಿಹ್ನೆಯೂ ಹಾಗೆಯೇ ಹೇಳುತ್ತಿತ್ತು. ಆದರೆ ಆಂಡ್ರಾಯ್ಡ್ ವೈ-ಫೈಗಳನ್ನು ಎರಡು ಬಗೆಯಾಗಿ ನೋಡುತ್ತದೆ: ಅಳತೆಯಿಲ್ಲದೆ ಸಿಗುವ ಸಂಪರ್ಕ ಒಂದು, ಬಳಸಿದಷ್ಟಕ್ಕೂ ಲೆಕ್ಕವಿರುವ ಮೀಟರ್ಡ್ ಸಂಪರ್ಕ ಇನ್ನೊಂದು. ಒಂದು ಆಂಡ್ರಾಯ್ಡ್ ಫೋನು ಹಾಟ್‌ಸ್ಪಾಟ್ ಆಗಿ ನಿಂತಾಗ, ತನ್ನನ್ನು ಸೇರುವ ಸಾಧನಕ್ಕೆ ಐಪಿ ವಿಳಾಸ ಕೊಡುವ ಹೊತ್ತಿನಲ್ಲೇ ಇದು ಮೀಟರ್ಡ್ ಸಂಪರ್ಕ ಎಂಬ ಗುರುತನ್ನೂ ಜೊತೆಗೆ ಕಳಿಸುತ್ತದೆ. ನನ್ನ ಹಳೆಯ ಫೋನು ಹೊಸದರ ಕಿವಿಯಲ್ಲಿ ಹಿತವಚನ ಹೇಳಿತ್ತು: ಇದು ಯಜಮಾನನ ಮೊಬೈಲ್ ಡೇಟಾ, ನೋಡಿಕೊಂಡು ಖರ್ಚು ಮಾಡು. ಹೊಸದು ಆ ಮಾತನ್ನು ಪಾಲಿಸಿ ಅಸಲಿ ವೈ-ಫೈಗಾಗಿ ಕಾಯುತ್ತಿತ್ತು. ಎರಡು ಯಂತ್ರಗಳು ನನ್ನ ಹಿತಕ್ಕಾಗಿಯೇ ಕೂಡಿ ನನ್ನನ್ನು ಸತಾಯಿಸಿದವೆಂದರೆ ಕೋಪಿಸಿಕೊಳ್ಳುವುದು ಯಾರ ಮೇಲೆ?

ಬಿಡಿಸಿಕೊಳ್ಳಲು ಎರಡು ದಾರಿಗಳಿದ್ದವು. ಪ್ಲೇ ಸ್ಟೋರ್‌ನಲ್ಲಿ ಯಾವುದೇ ನೆಟ್‌ವರ್ಕ್ ಮೂಲಕ ಡೌನ್‌ಲೋಡ್ ಆಗಬಹುದೆಂದು ಹೇಳುವುದು ಮೊದಲನೆಯದು. ವೈ-ಫೈ ಸೆಟ್ಟಿಂಗ್ಸ್‌ನಲ್ಲಿ ಆ ಹಾಟ್‌ಸ್ಪಾಟ್‌ನ ವಿವರ ತೆರೆದು, ಅದನ್ನು ಮೀಟರ್ಡ್ ಅಲ್ಲವೆಂದು ಪರಿಗಣಿಸುವಂತೆ ಬದಲಿಸುವುದು ಎರಡನೆಯದು. ಎರಡನೆಯದು ಆ ಸಂಪರ್ಕವನ್ನು ಬಳಸುವ ಎಲ್ಲ ಆ್ಯಪ್‌ಗಳಿಗೂ ಅನ್ವಯಿಸುವುದರಿಂದ, ಫೋಟೋಗಳ ಬ್ಯಾಕಪ್‌ನಂಥ ಹಸಿದ ಕೆಲಸಗಳೂ ಒಮ್ಮೆಲೇ ಡೇಟಾಕ್ಕೆ ಬಾಯಿ ಹಾಕುತ್ತವೆ. ಹೀಗಾಗಿ ಮೊದಲನೆಯದನ್ನೇ ಆರಿಸಿಕೊಂಡೆ.

ಈ ಕಾರಣ ಹೊಳೆಯುವುದಕ್ಕೆ ಸ್ವಲ್ಪ ಮೊದಲು, ಬಾಕಿ ಎಂಬ ಪದವನ್ನು ನೋಡಿ ನೋಡಿ ಬೇಸತ್ತಿದ್ದಾಗ, ನಾನು ಒಂದು ಅವಿವೇಕಕ್ಕೆ ಕೈ ಹಾಕಲಿದ್ದೆ. ಪ್ಲೇ ಸ್ಟೋರ್‌ನ ಗೊಡವೆಯೇ ಬೇಡ, ಎಲ್ಲಿಂದಲಾದರೂ ಎಪಿಕೆ ಕಡತವನ್ನು (ಆಂಡ್ರಾಯ್ಡ್ ಆ್ಯಪನ್ನು ಇನ್‌ಸ್ಟಾಲ್ ಮಾಡುವ ಕಡತ) ತಂದು ಇನ್‌ಸ್ಟಾಲ್ ಮಾಡಿಬಿಡೋಣ ಎಂದು ಹುಡುಕಲು ಕುಳಿತೆ. ಅದೇ ಬ್ಯಾಂಕಿನ ಹೆಸರು, ಅದೇ ಲಾಂಛನ ಹೊತ್ತ ಕಡತಗಳು ಹಲವು ಜಾಲತಾಣಗಳಲ್ಲಿ ಸಿಕ್ಕವು. ತಡೆದು ನಿಲ್ಲಿಸಿದ್ದು ಡಿಜಿಟಲ್ ಸಹಿಯ ಕುರಿತು ಹಿಂದೆ ಓದಿದ್ದ ಒಂದು ಸಂಗತಿ. ಪ್ರತಿ ಆಂಡ್ರಾಯ್ಡ್ ಆ್ಯಪ್ ಮೇಲೂ ಅದನ್ನು ಹೊರತಂದವರ ಸಹಿ ಇರುತ್ತದೆ. ಈಗಾಗಲೇ ಇರುವ ಆ್ಯಪ್ ಮೇಲೆ ಹೊಸ ಆವೃತ್ತಿ ಬಂದು ಕೂರುವಾಗ ಎರಡು ಸಹಿಗಳೂ ತಾಳೆಯಾಗದಿದ್ದರೆ ಫೋನು ಅದನ್ನು ಒಳಗೆ ಬಿಡುವುದಿಲ್ಲ. ಹಳೆಯ ಫೋನಿನಲ್ಲಿ ಈ ಕಾವಲು ನಮ್ಮನ್ನು ಕಾಯುತ್ತದೆ, ಏಕೆಂದರೆ ಅಸಲಿ ಆ್ಯಪ್ ಅಲ್ಲಿ ಮೊದಲೇ ಇರುತ್ತದೆ. ಹೊಸ ಫೋನಿನಲ್ಲಿ ತಾಳೆ ನೋಡಲು ಏನೂ ಇರುವುದಿಲ್ಲ. ಆ ಹೆಸರಿನಲ್ಲಿ ಮೊದಲು ಬಂದವನ ಸಹಿಯೇ ಪ್ರಮಾಣವಾಗುತ್ತದೆ. ನಕಲಿ ಮೊದಲು ಬಂದರೆ, ನಂತರ ಬರುವ ಅಸಲಿಯೇ ಸಹಿ ಹೊಂದುವುದಿಲ್ಲವೆಂಬ ಕಾರಣಕ್ಕೆ ಹೊರಗುಳಿಯುತ್ತದೆ. ಅಂದರೆ ಜನ ಹೆಚ್ಚು ಅವಸರದಲ್ಲಿರುವ ಫೋನಿನ ಮೊದಲ ದಿನದಂದೇ ಅದರ ಈ ರಕ್ಷಣೆ ಅತ್ಯಂತ ತೆಳುವಾಗಿರುತ್ತದೆ. ಅಪರಿಚಿತ ಮೂಲದ ಆ್ಯಪ್‌ಗಳನ್ನು ಇನ್‌ಸ್ಟಾಲ್ ಮಾಡುವ ಅನುಮತಿಯನ್ನು 2017ರ ಆಂಡ್ರಾಯ್ಡ್ 8ರಿಂದ ಬ್ರೌಸರ್‌ಗೆ ಬೇರೆ, ಫೈಲ್ ಮ್ಯಾನೇಜರ್‌ಗೆ ಬೇರೆ ಎಂದು ಪ್ರತ್ಯೇಕವಾಗಿ ಕೊಡಬೇಕಾಗಿದೆ. ಆ ಅನುಮತಿಯ ಪರದೆಯವರೆಗೂ ಹೋಗಿದ್ದ ನಾನು ಅಲ್ಲಿಂದ ಹಿಂದಿರುಗಿದೆ.

ಹಾಗಾದರೆ ನನ್ನದೇ ಹಳೆಯ ಫೋನಿನಿಂದ ಎಪಿಕೆ ತಂದರೆ ಅದರಲ್ಲಿ ಅಪನಂಬಿಕೆಯೇನೂ ಇಲ್ಲವಲ್ಲ ಎಂದುಕೊಂಡು ಅದನ್ನೂ ಮಾಡಿ ನೋಡಿದೆ. ಆ್ಯಪ್ ಇನ್‌ಸ್ಟಾಲ್ ಆಗಿಲ್ಲ ಎಂಬ ಒಂದು ಸಾಲು ಬಿಟ್ಟರೆ ಫೋನು ಬೇರೇನೂ ಹೇಳಲಿಲ್ಲ. ಕಾರಣ ಇಷ್ಟು. 2021ರ ಆಗಸ್ಟ್‌ನಿಂದ ಪ್ಲೇ ಸ್ಟೋರ್‌ಗೆ ಬರುವ ಹೊಸ ಆ್ಯಪ್‌ಗಳು ಒಂದೇ ಇಡಿಯ ಕಡತವಾಗಿ ಬರುವಂತಿಲ್ಲ. ಅವು ಬಂಡಲ್ ರೂಪದಲ್ಲಿರಬೇಕು, ಮತ್ತು ಎಷ್ಟೋ ಹಳೆಯ ಆ್ಯಪ್‌ಗಳೂ ಅದೇ ದಾರಿಗೆ ಬಂದಿವೆ. ನಮ್ಮ ಫೋನಿನ ಪ್ರೊಸೆಸರ್, ಪರದೆಯ ಸಾಂದ್ರತೆ, ಭಾಷೆ ಇವನ್ನು ನೋಡಿ ಬೇಕಾದ ತುಂಡುಗಳನ್ನಷ್ಟೇ ಪ್ಲೇ ಸ್ಟೋರ್ ಕಳಿಸುತ್ತದೆ. ನಾನು ನಕಲು ಮಾಡಿದ್ದು ಅವುಗಳ ಪೈಕಿ ಮೂಲದ ಒಂದು ತುಂಡನ್ನು ಮಾತ್ರ. ಎಲ್ಲ ತುಂಡುಗಳನ್ನು ತಂದಿದ್ದರೂ ಅವು ಹಳೆಯ ಫೋನಿನ ಅಳತೆಗೆ ಹೊಲಿದ ಅಂಗಿಯೇ ಆಗಿರುತ್ತಿದ್ದವು.

ಮೂರನೆಯ ತೊಡಕಿನ ಬಗ್ಗೆ ಹೆಚ್ಚು ಬರೆಯುವಂಥದ್ದಿಲ್ಲ. ಡೌನ್‌ಲೋಡ್ ನೂರಕ್ಕೆ ನೂರು ತಲುಪಿದ ಮೇಲೆ ಜಾಗ ಸಾಲದು ಎಂದಿತು. ಹಳೆಯ ಫೋಟೋಗಳನ್ನೂ ವೀಡಿಯೊಗಳನ್ನೂ ಬೆಳಗ್ಗೆಯೇ ಕೇಬಲ್ ಮೂಲಕ ಹೊಸ ಫೋನಿಗೆ ಸುರಿದಿದ್ದೆ. ಪೆಟ್ಟಿಗೆಯ ಮೇಲಿನ 128 ಜಿಬಿಯನ್ನು ಸಾವಿರದ ಲೆಕ್ಕದಲ್ಲಿ ಬರೆದಿರುತ್ತಾರೆ. 1024ರ ಲೆಕ್ಕದಲ್ಲಿ ಅದು ಸುಮಾರು 119 ಮಾತ್ರ, ಮತ್ತು ಅದರಲ್ಲೂ ಫೋನಿನ ಸ್ವಂತ ವ್ಯವಸ್ಥೆ ತನ್ನ ಪಾಲನ್ನು ಮೊದಲೇ ತೆಗೆದುಕೊಂಡಿರುತ್ತದೆ. ಆ್ಯಪ್ ಕೂರುವಾಗ ಇಳಿಸಿದ ಗಾತ್ರಕ್ಕಿಂತ ಹೆಚ್ಚಿನ ಜಾಗ ಬೇಕಾಗುವುದೂ ಸಹಜ, ಏಕೆಂದರೆ ಸಹಿಯನ್ನು ಪರಿಶೀಲಿಸಿದ ನಂತರ ಒಳಗಿನದನ್ನು ಬಿಚ್ಚಿ, ಆ ಪ್ರೊಸೆಸರ್‌ಗೆ ಒಗ್ಗುವಂತೆ ಅದರ ಭಾಗಗಳನ್ನು ಮರುರೂಪಿಸಿ ಇಡಬೇಕಾಗುತ್ತದೆ. ವೀಡಿಯೊಗಳನ್ನು ಕಂಪ್ಯೂಟರ್‌ಗೆ ಸಾಗಿಸಿದೆ, ಆ್ಯಪ್ ಕುಳಿತಿತು. ಆಗ ಸಂಜೆ ಆರು ಗಂಟೆ ಹತ್ತು ನಿಮಿಷ.

ಅಕ್ಕನ ಮಗಳಿಗೆ ವಿಷಯ ತಿಳಿಸಿದೆ. ಅವಳು, "ಅಂದರೆ ಕ್ಯಾಶ್ ಕ್ಲಿಯರ್ ಮಾಡಿದ್ದರಿಂದ ಸರಿ ಹೋಗ್ಲಿಲ್ವಾ ಮಾವ?" ಎಂದು ನಿಜವಾಗಿಯೂ ನೊಂದುಕೊಂಡಳು. ಅವಳ ತಪ್ಪೇನೂ ಇಲ್ಲ. ರೀಸ್ಟಾರ್ಟ್, ಕ್ಯಾಶ್, ಕೊನೆಗೆ ಫ್ಯಾಕ್ಟರಿ ರೀಸೆಟ್ ಎಂಬ ಸರಣಿ ಎಲ್ಲರ ಬಾಯಲ್ಲೂ ಇದೆ, ಮತ್ತು ಅದು ಕೆಲವೊಮ್ಮೆ ಫಲಿಸುತ್ತದೆಂಬುದೇ ಅದರ ದೊಡ್ಡ ದೋಷ. ನಾನು ಫ್ಯಾಕ್ಟರಿ ರೀಸೆಟ್ ಮಾಡಿದ್ದರೆ ಗಡಿಯಾರದ ತೊಡಕು ಯೋಗಾಯೋಗದಿಂದ ಸರಿಹೋಗಬಹುದಿತ್ತು. ಹಾಟ್‌ಸ್ಪಾಟ್‌ನದು ಹಾಗೆಯೇ ಇರುತ್ತಿತ್ತು, ಮತ್ತು ಅಷ್ಟೂ ಫೋಟೋಗಳನ್ನು ಮತ್ತೊಮ್ಮೆ ಸುರಿಯಬೇಕಾಗುತ್ತಿತ್ತು. ಸೈನ್ ಇನ್ ಆಗದಿರುವುದು ಬೇರೆ, ಬಾಕಿ ಎಂದು ನಿಲ್ಲುವುದು ಬೇರೆ, ನೂರು ಮುಟ್ಟಿದ ಮೇಲೆ ಕೂರದಿರುವುದು ಬೇರೆ. ಈ ಮೂರರಲ್ಲಿ ಎಲ್ಲಿ ನಿಂತಿದೆ ಎಂದು ಮೊದಲು ನೋಡಿದ್ದರೆ ಮಧ್ಯಾಹ್ನದ ನಿದ್ದೆಯಾದರೂ ಉಳಿಯುತ್ತಿತ್ತು.

13 ಜನವರಿ 2025, ಸೋಮವಾರ, ರಾತ್ರಿ 9.15

ನಿನ್ನೆಯದಕ್ಕೆ ಒಂದು ಬಾಲಂಗೋಚಿ ಸೇರಿಸಬೇಕಾಗಿದೆ. ಮನೆಯ ಇಂಟರ್ನೆಟ್ ಬೆಳಗ್ಗೆ ಮರಳಿತು. ರಾತ್ರಿ ಚಾರ್ಜಿಗೆ ಇಡುವ ಫೋನು, ಬಳಕೆಯಲ್ಲಿಲ್ಲದ ಹೊತ್ತಿನಲ್ಲಿ, ಅಳತೆಯಿಲ್ಲದ ವೈ-ಫೈ ಸಿಕ್ಕರೆ ಉಳಿದ ಅಪ್‌ಡೇಟ್‌ಗಳನ್ನು ತಾನೇ ಮಾಡಿಕೊಳ್ಳುತ್ತದೆ; ಅವುಗಳಿಗಾಗಿ ಕಾದು ಕೂರಬೇಕಿಲ್ಲ. 71ರ ಪಟ್ಟಿಯಲ್ಲಿ ನನಗೆ ನಿಜವಾಗಿ ಬೇಕಿದ್ದವು 19. ಅವುಗಳಲ್ಲಿ 18 ಇಳಿದಿವೆ.

ಇಳಿಯದೆ ಉಳಿದದ್ದು ಒಂದು ಪುಟ್ಟ ನಿಘಂಟು. ಅದನ್ನು ಹೊರತಂದವರು ವರ್ಷಗಳಿಂದ ಮುಟ್ಟಿಲ್ಲ. ಪ್ಲೇ ಸ್ಟೋರ್‌ನಲ್ಲಿ ಅದು ನನ್ನ ಹೊಸ ಫೋನಿಗೆ ಕಾಣಿಸುವುದೇ ಇಲ್ಲ. ಹಳೆಯದು, ಒಂದೇ ಕಡತದ ಆ್ಯಪ್ ಆದ್ದರಿಂದ ಹಳೆಯ ಫೋನಿನಿಂದ ನಕಲು ಮಾಡಿ ತಂದರೂ ಒಳಗೆ ಕೂರಲಿಲ್ಲ. ಹೊಸ ಫೋನಿನಲ್ಲಿರುವುದು ಆಂಡ್ರಾಯ್ಡ್ 14. ಆಂಡ್ರಾಯ್ಡ್ 6ಕ್ಕಿಂತ ಹಿಂದಿನ ಆವೃತ್ತಿಗಳನ್ನು ಗುರಿಯಾಗಿಟ್ಟು ಕಟ್ಟಿದ ಆ್ಯಪ್‌ಗಳನ್ನು ಅದು ಹೊಸದಾಗಿ ಇನ್‌ಸ್ಟಾಲ್ ಮಾಡಲು ಬಿಡುವುದಿಲ್ಲ. ಕ್ಯಾಮೆರಾ, ಸಂಪರ್ಕಗಳ ಪಟ್ಟಿ ಮೊದಲಾದವುಗಳಿಗೆ ಬಳಕೆಯ ಹೊತ್ತಿನಲ್ಲಿ ಅನುಮತಿ ಕೇಳುವ ಪದ್ಧತಿ ಬಂದದ್ದು 2015ರ ಆಂಡ್ರಾಯ್ಡ್ 6ರಲ್ಲಿ, ಮತ್ತು ಆ ಪದ್ಧತಿಯಿಂದ ನುಣುಚಿಕೊಳ್ಳಲೆಂದೇ ದುರುದ್ದೇಶದ ಆ್ಯಪ್‌ಗಳು ತಾವು ಅದಕ್ಕಿಂತ ಹಿಂದಿನ ಕಾಲದವೆಂದು ಹೇಳಿಕೊಳ್ಳುತ್ತಿದ್ದುದರಿಂದ ಈ ತಡೆಯನ್ನು ಹಾಕಲಾಗಿದೆ. ಪಾಪದ ನಿಘಂಟು ಅವರ ಜೊತೆಗೆ ಸಿಕ್ಕಿಬಿದ್ದಿದೆ. ಸೆಟ್ಟಿಂಗ್ಸ್‌ನಲ್ಲಿ ತಿರುಗಿಸಿ ಸರಿಮಾಡುವ ತೊಡಕು ಇದಲ್ಲವೆಂದು ತಿಳಿದ ಮೇಲೆ ಹುಡುಕುವುದನ್ನು ನಿಲ್ಲಿಸಿದೆ.

ಹಳೆಯ ಫೋನನ್ನು ಅಳಿಸಿ ಯಾರಿಗಾದರೂ ಕೊಡುವ ಯೋಚನೆಯಿತ್ತು. ಸದ್ಯಕ್ಕೆ ಅದರಿಂದ ಸಿಮ್ ತೆಗೆದು, ಬ್ಯಾಂಕಿನ ಆ್ಯಪ್ ಅಳಿಸಿ, ನಿಘಂಟಿನ ಸಲುವಾಗಿ ಓದುವ ಮೇಜಿನ ಮೇಲೆ ಚಾರ್ಜಿಗೆ ಹಾಕಿಟ್ಟಿದ್ದೇನೆ.