ಡಿಎಲ್‌ಎಲ್ ಇಲ್ಲ ಅಂದರೆ ಆ ಒಂದೇ ಫೈಲ್ ಹುಡುಕಿಕೊಂಡು ಹೋಗಬೇಡಿ

ಹೋದ ವಾರ ಮಧ್ಯಾಹ್ನದ ಬಿಸಿಲಲ್ಲಿ ಕಾಕಾ ಫೋನ್ ಮಾಡಿದರು. ಕಲಬುರಗಿಯ ಸ್ಟೇಷನ್ ರೋಡ್ ಕಡೆ ಅವರದೊಂದು ಸಣ್ಣ ಝೆರಾಕ್ಸ್ ಅಂಗಡಿ ಇದೆ. ಪಾಸ್‌ಪೋರ್ಟ್ ಸೈಜ್ ಫೋಟೋ, ಆನ್‌ಲೈನ್ ಅರ್ಜಿ, ಲ್ಯಾಮಿನೇಶನ್ ಎಲ್ಲಾ ಮಾಡುತ್ತಾರೆ. "ತಮ್ಮಾ, ಫೋಟೋ ಸಾಫ್ಟ್‌ವೇರ್ ಓಪನ್ ಆಗವಲ್ದು. ಏನೋ ಡಿಎಲ್‌ಎಲ್ ಇಲ್ಲ ಅಂತದ. ಕಾಲೇಜ್ ಹುಡುಗರು ನಿಂತಾರ, ಲಗೂ ಬಾ" ಅಂದರು.

ಹೋಗಿ ಕೇಳಿದರೆ ಕಥೆ ಹೀಗಿತ್ತು. ಹಿಂದಿನ ದಿನ ಅಂಗಡಿ ಹುಡುಗ ಕಂಪ್ಯೂಟರ್‌ನಲ್ಲಿ ಜಾಗ ಮಾಡೋಣ ಅಂತ, ಯಾರೂ ತೆರೆಯದ ಸಾಫ್ಟ್‌ವೇರ್‌ಗಳನ್ನೆಲ್ಲ ತೆಗೆದುಹಾಕಿದ್ದ. ಅದರಲ್ಲಿ ಮೈಕ್ರೋಸಾಫ್ಟ್ ವಿಷುವಲ್ ಸಿ ಪ್ಲಸ್ ಪ್ಲಸ್ ರಿಡಿಸ್ಟ್ರಿಬ್ಯೂಟಬಲ್ ಅನ್ನೋದೂ ಹೋಗಿತ್ತು. ಅವನ ತಪ್ಪು ಅಂತ ನನಗೆ ಅನಿಸಲಿಲ್ಲ. ಆ ಹೆಸರು ನೋಡಿದರೆ ಅದು ಯಾತಕ್ಕೆ ಬೇಕು ಅಂತ ಯಾರಿಗೆ ಗೊತ್ತಾಗಬೇಕು?

ನಮ್ಮೂರ ಗುಡಿಯಲ್ಲಿ ಮದುವೆ ಅಡಿಗೆಗೆ ಅಂತ ದೊಡ್ಡ ಹಂಡೆ, ಕೊಪ್ಪರಿಗೆ ಇಟ್ಟಿರುತ್ತಾರೆ. ಪ್ರತಿ ಮನೆಯವರೂ ಬೇರೆ ಬೇರೆ ಕೊಳ್ಳೋದಿಲ್ಲ, ಬೇಕಾದಾಗ ತಂದು ಬಳಸುತ್ತಾರೆ. ಡಿಎಲ್‌ಎಲ್ ಕೂಡ ಹಾಗೇ. ಹಲವು ಸಾಫ್ಟ್‌ವೇರ್‌ಗಳಿಗೆ ಬೇಕಾಗುವ ಕೆಲಸವನ್ನು ಒಂದೇ ಕಡೆ ಬರೆದಿಟ್ಟ ಫೈಲ್ ಅದು. ಡಿಸ್ಕ್ ಉಳಿಯುತ್ತದೆ, ಮೆಮೊರಿ ಉಳಿಯುತ್ತದೆ, ಒಂದು ಕಡೆ ಸರಿ ಮಾಡಿದರೆ ಅದನ್ನು ಬಳಸುವ ಎಲ್ಲರಿಗೂ ಸರಿಯಾಗುತ್ತದೆ. ಆದರೆ ಹಂಡೆ ಯಾರೋ ಒಯ್ದರೆ ಮುಂದಿನ ಮನೆಯ ಮದುವೆ ನಿಲ್ಲುತ್ತದೆ, ಅಲ್ವಾ? ರಿಡಿಸ್ಟ್ರಿಬ್ಯೂಟಬಲ್ ಅನ್ನೋದು ಇಂಥ ಡಿಎಲ್‌ಎಲ್‌ಗಳ ಒಂದು ಕಟ್ಟು, ಅದನ್ನು ತೆಗೆದಾಗ ಇಲ್ಲಿ ಆಗಿದ್ದೂ ಅದೇ.

ಮೊದಲು ಬಂದ ಎರರ್‌ನಲ್ಲಿ ವಿಸಿರನ್‌ಟೈಮ್140.ಡಿಎಲ್‌ಎಲ್ ಸಿಗಲಿಲ್ಲ ಅಂತ ಇತ್ತಂತೆ. ಹುಡುಗ ಆ ಹೆಸರನ್ನು ಹುಡುಕಿ, ಯಾವುದೋ ಸೈಟ್‌ನಿಂದ ಬರೀ ಆ ಒಂದು ಫೈಲ್ ಇಳಿಸಿ, ಫೋಟೋ ಸಾಫ್ಟ್‌ವೇರ್ ಇರುವ ಫೋಲ್ಡರ್‌ಗೇ ಹಾಕಿದ್ದ. ಈಗ ಎರರ್ ಬದಲಾಗಿ 0ಎಕ್ಸ್‌ಸಿ000007ಬಿ ಅಂತ ಬರುತ್ತಿತ್ತು.

ನಾನು ಮೈಕ್ರೋಸಾಫ್ಟ್ ಸೈಟ್‌ನಿಂದಲೇ ರಿಡಿಸ್ಟ್ರಿಬ್ಯೂಟಬಲ್ ತಂದು ಹಾಕಿದೆ. ಹೆಸರಿನ ಕೊನೆಯ ಅಂಕಿ ನೋಡಿದರೆ ಯಾವುದು ಬೇಕು ಅಂತ ಗೊತ್ತಾಗುತ್ತದೆ. 100 ಇದ್ದರೆ 2010ರದು, 120 ಇದ್ದರೆ 2013ರದು, 140 ಇದ್ದರೆ 2015 ಮತ್ತು ಅದರ ನಂತರದ್ದು. 2015, 2017, 2019, 2022 ಇವೆಲ್ಲಕ್ಕೂ ಒಂದೇ ಪ್ಯಾಕೇಜ್ ಸಾಕು. ಹಾಕಿ, ಕಂಪ್ಯೂಟರ್ ರೀಸ್ಟಾರ್ಟ್ ಮಾಡಿದೆ. ಮತ್ತೆ ಅದೇ ಎರರ್!

ಅರ್ಧ ಗಂಟೆ ಅಲ್ಲೇ ಹೋಯಿತು. ಹುಡುಗರು ಬಾಗಿಲಲ್ಲಿ ನಿಂತೇ ಇದ್ದರು, ಕಾಕಾ ಅವರಿಗೆ ನೀರು ಕೊಡುತ್ತಾ ನನ್ನ ಮುಖ ನೋಡುತ್ತಿದ್ದರು. ಆಮೇಲೆ ಹೊಳೆಯಿತು. ವಿಂಡೋಸ್ ಇಂಥ ಫೈಲನ್ನು ಮೊದಲು ಸಾಫ್ಟ್‌ವೇರ್‌ನ ಸ್ವಂತ ಫೋಲ್ಡರ್‌ನಲ್ಲಿ ಹುಡುಕುತ್ತದೆ, ಅಲ್ಲಿ ಇಲ್ಲದಿದ್ದರೆ ಮಾತ್ರ ಸಿಸ್ಟಮ್ ಫೋಲ್ಡರ್‌ಗೆ ಹೋಗುತ್ತದೆ. ಹುಡುಗ ಹಾಕಿದ ಫೈಲ್ ಅಲ್ಲೇ ಇತ್ತು. ಫೋಟೋ ಸಾಫ್ಟ್‌ವೇರ್ ಹಳೆಯದು, 32 ಬಿಟ್‌ದು. ಅವನು ತಂದ ಫೈಲ್ 64 ಬಿಟ್‌ದು. ಇವೆರಡೂ ಹೊಂದೋದೇ ಇಲ್ಲ, ಆ ಎರರ್ ಜಾಸ್ತಿ ಬರೋದು ಇದಕ್ಕೇ. ಆ ಫೈಲ್ ಅಳಿಸಿದೆ. ಸಾಫ್ಟ್‌ವೇರ್ ತೆರೆಯಿತು, ಕಾಕಾ "ಹಾಂ, ಬಂತ್ ನೋಡು" ಅಂದರು.

64 ಬಿಟ್ ವಿಂಡೋಸ್ ಇದ್ದರೂ ರಿಡಿಸ್ಟ್ರಿಬ್ಯೂಟಬಲ್‌ನ ಎಕ್ಸ್86 (32 ಬಿಟ್‌ದು), ಎಕ್ಸ್64 (64 ಬಿಟ್‌ದು) ಎರಡನ್ನೂ ಹಾಕಿಕೊಳ್ಳಿ. ಇನ್ನೊಂದು ಗೊಂದಲ ಇಲ್ಲಿದೆ: ವಿಂಡೋಸ್‌ನ ಸಿಸ್ಟಮ್ ಫೋಲ್ಡರ್‌ಗೆ ಸಿಸ್ಟಮ್32 ಅಂತ ಹೆಸರಿದ್ದರೂ ಅದರಲ್ಲಿರೋದು 64 ಬಿಟ್ ಫೈಲ್‌ಗಳು, 32 ಬಿಟ್‌ವು ಇರೋದು ಸಿಸ್‌ವಾವ್64 ಫೋಲ್ಡರ್‌ನಲ್ಲಿ. ಕೈಯಿಂದ ಫೈಲ್ ಹಾಕಲು ಹೋದವರು ಇಲ್ಲೇ ಎಡವುತ್ತಾರೆ. ಕಾಣೆಯಾದ ಫೈಲ್ ವಿಂಡೋಸ್‌ನದೇ ಆಗಿದ್ದರೆ, ಕಮಾಂಡ್ ಪ್ರಾಂಪ್ಟನ್ನು ಅಡ್ಮಿನಿಸ್ಟ್ರೇಟರ್ ಆಗಿ ತೆರೆದು ಎಸ್‌ಎಫ್‌ಸಿ /ಸ್ಕ್ಯಾನ್‌ನೌ ಕೊಡಿ, ಅದೇ ಹುಡುಕಿ ಸರಿ ಮಾಡುತ್ತದೆ. ವಿಂಡೋಸ್ ಬದಲು ಕೆಲವರು ಬಳಸುವ ಲಿನಕ್ಸ್‌ನಲ್ಲಿ ಇದೇ ಕೆಲಸದ ಫೈಲ್‌ಗಳಿಗೆ ಡಾಟ್ ಎಸ್‌ಒ ಅಂತಾರೆ, ಯಾವುದು ಸಿಗುತ್ತಿಲ್ಲ ಅಂತ ಎಲ್‌ಡಿಡಿ ಕಮಾಂಡ್ ತೋರಿಸುತ್ತದೆ.

ನನಗೆ ನಿಜವಾಗಿ ಭಯ ಆಗಿದ್ದು ಆ ಗೊತ್ತಿಲ್ಲದ ಸೈಟ್ ಬಗ್ಗೆ. ಡಿಎಲ್‌ಎಲ್ ಸುಮ್ನೆ ಮಾಹಿತಿ ಇರುವ ಫೈಲ್ ಅಲ್ಲ, ಅದರೊಳಗೆ ಓಡುವ ಪ್ರೋಗ್ರಾಂ ಇರುತ್ತದೆ, ಅದನ್ನು ಕರೆದ ಸಾಫ್ಟ್‌ವೇರ್‌ಗೆ ಇರುವ ಅಧಿಕಾರವೆಲ್ಲ ಅದಕ್ಕೂ ಸಿಗುತ್ತದೆ. ಕಾಕಾನ ಕಂಪ್ಯೂಟರ್‌ನಲ್ಲಿ ಊರವರ ಆಧಾರ್, ಬ್ಯಾಂಕ್ ಪಾಸ್‌ಬುಕ್ ಸ್ಕ್ಯಾನ್ ಎಲ್ಲಾ ಇರುತ್ತವೆ. ಅದಕ್ಕೇ ಆಂಟಿವೈರಸ್‌ನ ಫುಲ್ ಸ್ಕ್ಯಾನ್ ಹಚ್ಚಿ, ಮುಗಿಯೋವರೆಗೂ ಕೂತಿದ್ದೆ. ಏನೂ ಸಿಗಲಿಲ್ಲ. ಹೊರಡುವಾಗ ಎರಡೂ ಇನ್‌ಸ್ಟಾಲರ್‌ಗಳನ್ನು ಪೆನ್‌ಡ್ರೈವ್‌ಗೆ ಹಾಕಿ ಗಲ್ಲಾಪೆಟ್ಟಿಗೆಯಲ್ಲಿ ಇಟ್ಟು ಬಂದೆ.