ಪಿತ್ತಕೋಶ ತೆಗೆಯಲು ರೋಬೋಟ್ ಬೇಕೇ?

ರೋಬೋಟ್ ತಾನಾಗಿಯೇ ಆಪರೇಷನ್ ಮಾಡುತ್ತದೆ ಎಂದು ನಂಬಿದವರು ಈಗಲೂ ಇದ್ದಾರೆ. ಪಿತ್ತಕೋಶ ತೆಗೆಯುವಾಗ ಅದು ಸ್ವಂತ ಬುದ್ಧಿಯಿಂದ ಒಂದು ಮಿಲಿಮೀಟರೂ ಕದಲುವುದಿಲ್ಲ. ಸರ್ಜನ್ ಕನ್ಸೋಲ್ (ನಿಯಂತ್ರಣ ಮೇಜು) ಮುಂದೆ ಕೂತು ಕೈಯಾಡಿಸಿದ ಹಾಗೆ ಅದರ ತೋಳುಗಳು ಆಡುತ್ತವೆ, ಅಷ್ಟೇ.

ರೋಬೋಟ್ ಆಗಲಿ, ಲ್ಯಾಪರೋಸ್ಕೋಪಿ (ಸಣ್ಣ ತೂತುಗಳ ಮೂಲಕ ಕ್ಯಾಮೆರಾ, ಉದ್ದನೆಯ ಉಪಕರಣ ಹಾಕಿ ಕೈಯಿಂದಲೇ ಮಾಡುವ ಆಪರೇಷನ್) ಆಗಲಿ, ಹೊಟ್ಟೆಯೊಳಗಿನ ಕೆಲಸ ಒಂದೇ. ಕಾರ್ಬನ್ ಡೈಆಕ್ಸೈಡ್ ತುಂಬಿ ಹೊಟ್ಟೆ ಉಬ್ಬಿಸುತ್ತಾರೆ. ಒತ್ತಡ ಸಾಮಾನ್ಯವಾಗಿ 12ರಿಂದ 15 ಎಂಎಂ ಪಾದರಸ. ಟೇಬಲ್ಲಿನ ತಲೆಭಾಗ ಎತ್ತಿ ರೋಗಿಯ ಎಡಕ್ಕೆ ವಾಲಿಸಿದರೆ ಕರುಳು ದಾರಿ ಬಿಡುತ್ತದೆ. ಪಿತ್ತಕೋಶದ ತುದಿಯನ್ನು ಬಲಭುಜದ ಕಡೆ ಎತ್ತಿ ಹಿಡಿದು, ಅದನ್ನು ಮುಖ್ಯ ಪಿತ್ತನಾಳಕ್ಕೆ ಸೇರಿಸುವ ಸಿಸ್ಟಿಕ್ ನಾಳ ಮತ್ತು ಅದಕ್ಕೆ ರಕ್ತ ತರುವ ಸಿಸ್ಟಿಕ್ ರಕ್ತನಾಳವನ್ನು ಬಿಡಿಸಿ, ಕ್ಲಿಪ್ ಹಾಕಿ ಕತ್ತರಿಸುತ್ತಾರೆ. ಆಮೇಲೆ ಯಕೃತ್ತಿನಿಂದ ಪಿತ್ತಕೋಶವನ್ನು ಬೇರ್ಪಡಿಸಿ, ಸಣ್ಣ ಚೀಲಕ್ಕೆ ಹಾಕಿ, ಸಾಮಾನ್ಯವಾಗಿ ಹೊಕ್ಕುಳ ಬಳಿಯ ತೂತಿನಿಂದ ಹೊರಗೆಳೆಯುತ್ತಾರೆ.

ತೂತುಗಳಲ್ಲಿ ವ್ಯತ್ಯಾಸವಿದೆ. ಲ್ಯಾಪರೋಸ್ಕೋಪಿಯಲ್ಲಿ ಸಾಮಾನ್ಯವಾಗಿ ನಾಲ್ಕು: ಒಂದೆರಡು 10 ಎಂಎಂನವು, ಉಳಿದವು 5. ಡಾವಿಂಚಿ ಎಂಬ ರೋಬೋಟ್ ಯಂತ್ರಕ್ಕೆ ಹೆಚ್ಚಾಗಿ 8 ಎಂಎಂನ ನಾಲ್ಕು ಬೇಕು, ಅದೂ ತೋಳುಗಳು ಒಂದಕ್ಕೊಂದು ತಾಗದಷ್ಟು ಅಂತರದಲ್ಲಿ. ಹಾಗಾಗಿ ‘ರೋಬೋಟ್ ಆದರೆ ಗಾಯ ಚಿಕ್ಕದು’ ಎಂಬ ಮಾತಿನಲ್ಲಿ ಹುರುಳಿಲ್ಲ. ತೋಳುಗಳನ್ನು ಆ ತೂತುಗಳಲ್ಲಿ ಕೂರಿಸಿದ ಕೊಳವೆಗಳಿಗೆ ಜೋಡಿಸಲು, ಕೊನೆಗೆ ಕಳಚಲು ಹೆಚ್ಚು ಸಮಯವೂ ಬೇಕು.

ಈ ಆಪರೇಷನ್ನಿನ ನಿಜವಾದ ಅಪಾಯ ಪಿತ್ತರಸ ಸಾಗಿಸುವ ಮುಖ್ಯ ನಾಳಕ್ಕೆ ಏಟಾಗುವುದು. ಅದಕ್ಕೆ ಕೈ ನಡುಗುವುದು ಮುಖ್ಯ ಕಾರಣವಲ್ಲ. ಕಣ್ಣು ಮೋಸ ಹೋಗುವುದು ಕಾರಣ. ಪಿತ್ತಕೋಶದ ಕುತ್ತಿಗೆಯನ್ನು ಬಲಕ್ಕೂ ಕೆಳಕ್ಕೂ ಎಳೆದರೆ ಎರಡು ನಾಳಗಳ ನಡುವಿನ ಕೋನ ತೆರೆದುಕೊಳ್ಳುತ್ತದೆ. ಅದನ್ನೂ ಮೇಲಕ್ಕೇ ಎಳೆದರೆ ಸಿಸ್ಟಿಕ್ ನಾಳ ಮುಖ್ಯ ನಾಳದ ನೇರಕ್ಕೆ ಬಂದು ಎರಡೂ ಒಂದೇ ಎನ್ನಿಸುತ್ತದೆ. ಬಾವು ಬಂದು ಎಲ್ಲ ಅಂಟಿಕೊಂಡಿದ್ದರಂತೂ ಕೇಳುವುದೇ ಬೇಡ. ಅದಕ್ಕೇ ಕ್ಲಿಪ್ ಹಾಕುವ ಮುನ್ನ ಮೂರು ಸಂಗತಿ ಖಚಿತವಾಗಬೇಕು: ಈ ಎರಡು ನಾಳ ಮತ್ತು ಯಕೃತ್ತಿನ ನಡುವಿನ ತ್ರಿಕೋನದ ಕೊಬ್ಬು, ನಾರು ಪೂರ್ತಿ ಬಿಡಿಸಿದೆ, ಪಿತ್ತಕೋಶದ ಕೆಳಗಿನ ಮೂರನೇ ಒಂದು ಭಾಗ ಯಕೃತ್ತಿನಿಂದ ಬೇರೆಯಾಗಿದೆ, ಪಿತ್ತಕೋಶದೊಳಕ್ಕೆ ಹೋಗುವುದು ಎರಡೇ ಎಳೆ (ಸಿಸ್ಟಿಕ್ ನಾಳ, ಸಿಸ್ಟಿಕ್ ರಕ್ತನಾಳ). ಸರ್ಜನ್ ಸ್ಟೀವನ್ ಸ್ಟ್ರಾಸ್‌ಬರ್ಗ್ 1995ರಲ್ಲಿ ಹೆಸರಿಟ್ಟ ಈ ‘ಕ್ರಿಟಿಕಲ್ ವ್ಯೂ’ಗೆ ರೋಬೋಟಿನಲ್ಲೂ ವಿನಾಯಿತಿಯಿಲ್ಲ. ಅದು ಸಿಗದಿದ್ದರೆ ಹಟ ಹಿಡಿಯದೆ ಪಿತ್ತಕೋಶದ ಒಂದು ಭಾಗ ಉಳಿಸಿ ಹೊರಬರುವುದೋ, ಹೊಟ್ಟೆ ತೆರೆಯುವುದೋ ಜಾಣತನ.

ರೋಬೋಟಿನ ಮೂರು ಆಯಾಮದ ನೋಟ ಚೆನ್ನ, ಮಣಿಕಟ್ಟಿನಂತೆ ತಿರುಗುವ ಉಪಕರಣ ಇನ್ನೂ ಚೆನ್ನ. ಆದರೆ ಸರಳ ಪಿತ್ತಕೋಶದಲ್ಲಿ ಹೊಲಿಗೆಯೇ ಇಲ್ಲದಿರುವಾಗ ಆ ಮಣಿಕಟ್ಟಿಗೆ ಕೆಲಸವೆಲ್ಲಿ? ಮೇಲಾಗಿ, ಬಹುಪಾಲು ಹಳೆಯ ಮಾದರಿಗಳಲ್ಲಿ ಅಂಗಾಂಶವನ್ನು ಎಷ್ಟು ಬಲವಾಗಿ ಎಳೆಯುತ್ತಿದ್ದೇವೆ ಎಂಬುದು ಕೈಗೆ ತಿಳಿಯದು, ಕಣ್ಣಿನಿಂದಲೇ ಅಂದಾಜಿಸಬೇಕು. ಐಸಿಜಿ ಎಂಬ ಹಸಿರು ಬಣ್ಣದ್ರವ್ಯವನ್ನು, ಸಾಮಾನ್ಯವಾಗಿ 2.5 ಮಿಲಿಗ್ರಾಂ, ಮುಂಚಿತವಾಗಿ ರಕ್ತನಾಳಕ್ಕೆ ಕೊಟ್ಟರೆ ಪಿತ್ತನಾಳಗಳು ವಿಶೇಷ ಕ್ಯಾಮೆರಾದಲ್ಲಿ ಹೊಳೆಯುತ್ತವೆ. ಇದನ್ನು ರೋಬೋಟಿನ ಹೆಗ್ಗಳಿಕೆ ಎಂದು ಹೇಳುವುದುಂಟು, ಆದರೆ ಅಂಥ ಕ್ಯಾಮೆರಾ ಲ್ಯಾಪರೋಸ್ಕೋಪಿಗೂ ಲಭ್ಯ. ದಪ್ಪ ಕೊಬ್ಬು, ಬಾವು ಇದ್ದಲ್ಲಿ ಆ ಹೊಳಪೂ ಮಂಕಾಗುತ್ತದೆ.

ಅಮೆರಿಕದ ಮೆಡಿಕೇರ್ (ಹೆಚ್ಚಾಗಿ ಹಿರಿಯರಿಗಿರುವ ಸರ್ಕಾರಿ ಆರೋಗ್ಯ ವಿಮೆ) ರೋಗಿಗಳ 10 ಲಕ್ಷಕ್ಕೂ ಹೆಚ್ಚು ಆಪರೇಷನ್‌ಗಳ ದಾಖಲೆ ಪರಿಶೀಲಿಸಿದ, 2023ರಲ್ಲಿ ಜಾಮಾ ಸರ್ಜರಿ ಎಂಬ ವೈದ್ಯಕೀಯ ಪತ್ರಿಕೆಯಲ್ಲಿ ಬಂದ ಅಧ್ಯಯನದಲ್ಲಿ ನಾಳಕ್ಕೆ ಏಟಾಗಿ ಅದನ್ನು ಸರಿಪಡಿಸಲು ಮತ್ತೆ ಆಪರೇಷನ್ ಬೇಕಾದವರು ರೋಬೋಟ್ ಗುಂಪಿನಲ್ಲಿ 0.7%, ಲ್ಯಾಪರೋಸ್ಕೋಪಿ ಗುಂಪಿನಲ್ಲಿ 0.2%. ಇದು ಚೀಟಿ ಎತ್ತಿ ರೋಗಿಗಳನ್ನು ಹಂಚಿದ ಪ್ರಯೋಗವಲ್ಲ, ಹಾಗಾಗಿ ಯಂತ್ರವೇ ಕಾರಣ ಎಂದು ಬೊಟ್ಟು ಮಾಡಲಾಗದು. ಆದರೆ ‘ಹೆಚ್ಚು ಸುರಕ್ಷಿತ’ ಎಂಬ ಪ್ರಚಾರಕ್ಕೆ ಇದರಲ್ಲಿ ಆಧಾರವಂತೂ ಇಲ್ಲ.

ಮುಖ್ಯ ನಾಳ ತೆರೆದು ಕಲ್ಲು ತೆಗೆದು ಹೊಲಿಯಬೇಕಾದಾಗ, ಅರ್ಧ ಉಳಿದ ಪಿತ್ತಕೋಶದ ಬಾಯಿ ಮುಚ್ಚಬೇಕಾದಾಗ ರೋಬೋಟಿನ ಬೆಲೆ ಗೊತ್ತಾಗುತ್ತದೆ. ಉಳಿದವರು ಯಂತ್ರ ಯಾವುದು ಎನ್ನುವುದಕ್ಕಿಂತ, ಸರ್ಜನ್ ಆ ವಿಧಾನದಲ್ಲಿ ಎಷ್ಟು ಪಿತ್ತಕೋಶ ತೆಗೆದಿದ್ದಾರೆ, ಕಷ್ಟವಾದರೆ ಏನು ಮಾಡುತ್ತಾರೆ ಎಂದು ಕೇಳುವುದು ಲೇಸು.

ಆಪರೇಷನ್ ಯಾವುದೇ ಆಗಲಿ, ಒಂದೆರಡು ದಿನ ಭುಜ ನೋಯುವುದು ಹೊಟ್ಟೆ ಉಬ್ಬಿಸಲು ತುಂಬಿದ ಗ್ಯಾಸಿನಿಂದ, ತಾನಾಗಿ ಇಳಿಯುತ್ತದೆ. ಹೊಟ್ಟೆನೋವು ದಿನದಿಂದ ದಿನಕ್ಕೆ ಏರಿದರೆ, ಜ್ವರ ಬಂದರೆ, ಕಣ್ಣು ಹಳದಿಯಾದರೆ ಮುಂದಿನ ತಪಾಸಣೆಯ ದಿನಕ್ಕೆ ಕಾಯದೆ ಆಸ್ಪತ್ರೆಗೆ ಹೋಗಿ.