ತಮ್ಮನ ಫೋನ್ ಲಾಕ್ ಆದ ದಿನ

ಬೆಳಗ್ಗೆ ತಮ್ಮನ ಫೋನ್ ಲಾಕ್ ಆಗಿತ್ತು. ಸಾಲದಲ್ಲಿ ಕೊಂಡ ಫೋನ್ ಅದು, ಕಂತು ನಾಲ್ಕು ದಿನ ತಡವಾಗಿದೆ, ಅಷ್ಟೇ. ಅವನು ಆಟೊ ಓಡಿಸುತ್ತಾನೆ. ಬಾಡಿಗೆ ಸಿಗುವುದೂ ಫೋನಲ್ಲೇ, ಯುಪಿಐ ದುಡ್ಡು ಬರುವುದೂ ಅದರಲ್ಲೇ. ಫೋನೇ ಇಲ್ಲದೆ ಕಂತಿನ ದುಡ್ಡು ದುಡಿಯುವುದು ಹೇಗೆ? ಕೊಳ್ಳುವಾಗ ಅಂಗಡಿಯಲ್ಲೇ, ಕಂತು ತಪ್ಪಿದರೆ ಸಾಲ ಕೊಟ್ಟವರು ಫೋನ್ ಲಾಕ್ ಮಾಡುವಂಥ ಒಂದು ಆ್ಯಪ್ ಹಾಕಿದ್ದರಂತೆ. ರೀಸೆಟ್ ಮಾಡಿದರೂ ಅದು ಹೋಗಲಿಲ್ಲ. ಕೊನೆಗೆ ನನ್ನ ಫೋನಿಂದ ಕಟ್ಟಿದೆ.

ಸಾಲ ತೀರಿಸಲೇಬೇಕು, ಎರಡು ಮಾತಿಲ್ಲ. ಆದರೆ ಬಾಕಿ ವಸೂಲಿಗೆ ಬೆಳಗ್ಗೆ 8ಕ್ಕೆ ಮೊದಲು, ಸಂಜೆ 7ರ ನಂತರ ಕರೆ ಮಾಡಬಾರದು ಅಂತ ರಿಸರ್ವ್ ಬ್ಯಾಂಕ್ 2022ರಲ್ಲೇ ಹೇಳಿದೆ. ಒಂದು ಕರೆಗೇ ಇಷ್ಟು ಕಟ್ಟುಪಾಡು ಇರುವಾಗ, ಅನ್ನ ಕೊಡುವ ಫೋನನ್ನೇ ಮುಚ್ಚುವುದು ಸರಿಯಾ?

ಮಧ್ಯಾಹ್ನ ಲಾಕ್ ತೆರೆಯಿತು. ಅವನು ಮೊದಲು ಅಮ್ಮನಿಗೆ ಫೋನ್ ಮಾಡಿದ. ಬೆಳಗ್ಗೆಯಿಂದ ಅವನ ಕರೆಗೆ ಕಾಯುತ್ತಾ ಕೂತಿದ್ದರು.